ಕೇಳದೆ ಹೋದ ಕೂಗು

ಪಲ್ಲಡಂ ಕೋರ್ಟಿನಲ್ಲಿ ಕಳೆದ ಆ ಮೂರು ವಾಯಿದೆಗಳನ್ನು ನೆನೆದರೆ ನನ್ನ ಕಣ್ಣಿಗೆ ಮೊದಲು ಬರುವುದು ಕೇಸಲ್ಲ, ಜಗುಲಿಯ ಮೇಲೆ ಅಲುಗಾಡುತ್ತಿದ್ದ ಬೇವಿನ ನೆರಳು. ಮೂವತ್ತು ವರ್ಷ ನಾಲ್ಕು ಪವರ್‌ಲೂಮುಗಳ ನಡುವೆ ನಿಂತು ಕೆಲಸ ಮಾಡಿದವಳು ನಾನು. ಸುಮ್ಮನೆ ಕೂತು ಗೊತ್ತೇ ಇರಲಿಲ್ಲ. ಅಲ್ಲಿ ಕಲ್ಲುಬೆಂಚು ತಣ್ಣಗಿತ್ತು. ಕರಿಕೋಟಿನವರು ತುಟಿಯಾಡಿಸುತ್ತ ಓಡಾಡುತ್ತಿದ್ದರು, ಗಾಳಿಗೆ ಫೈಲುಗಳ ಹಾಳೆಗಳು ಏಳುತ್ತಿದ್ದವು, ಎಲ್ಲವೂ ನೀರಿನಡಿಯಲ್ಲಿ ನಡೆಯುತ್ತಿರುವಂತೆ, ಸದ್ದೇ ಇಲ್ಲದೆ. ನಿಜ ಹೇಳಬೇಕೆಂದರೆ ನನಗೆ ಅಲ್ಲಿ ಸುಖವಾಗಿತ್ತು.

ಸೋಮನೂರಿನ ಜವಳಿ ವ್ಯಾಪಾರಿಯೊಬ್ಬರು ನಮ್ಮಿಂದ ಬಣ್ಣ ಹಾಕದ ಕೋರಾ ಬಟ್ಟೆ ಕೊಂಡು ಕೊಟ್ಟ ಚೆಕ್ ಬೌನ್ಸ್ ಆಗಿತ್ತು. ಮಗ್ಗಗಳು ನನ್ನ ಹೆಸರಿನಲ್ಲಿದ್ದುದರಿಂದ ಫಿರ್ಯಾದೂ ನನ್ನದೇ. "ನಿಮ್ಮ ಹೆಸರು ಕೂಗಿದಾಗ ಒಳಗೆ ಹೋಗಿ ನಿಂತ್ಕೊಳ್ಳಿ ಅಮ್ಮಾ, ನಾನು ಪಕ್ಕದ ಕೋರ್ಟಿಂದ ಓಡಿ ಬರ್ತೀನಿ" ಎಂದು ನಮ್ಮ ವಕೀಲರು ತಮಿಳಿನಲ್ಲಿ ಹೇಳಿದ್ದರು. ನಾನು ಕಾದೆ. ಮಧ್ಯಾಹ್ನ ಜನ ಕರಗುತ್ತಿದ್ದಂತೆ ಕೇಸು ಮುಂದೆ ಹೋಯಿತೆಂದುಕೊಂಡು, ವಕೀಲರ ಗುಮಾಸ್ತರ ಹತ್ತಿರ ಮುಂದಿನ ತಾರೀಖು ಬರೆಸಿಕೊಂಡು ಬಸ್ಸು ಹತ್ತುತ್ತಿದ್ದೆ. ಮೂರನೆಯ ಸಲ ಅವರು ತಾರೀಖು ಕೊಡಲಿಲ್ಲ. ವಕೀಲರನ್ನು ಕರೆದು ತಂದರು.

"ಎಲ್ಲಿ ಹೋಗಿದ್ರಿ ಅಮ್ಮಾ? ಮೂರು ವಾಯಿದೆಯಲ್ಲೂ ನೀವು ಬಂದಿಲ್ಲ ಅಂತ ಬರೆದಿದ್ದಾರೆ. ಕೇಸು ವಜಾ. ಆ ವ್ಯಾಪಾರಿ ಖುಲಾಸೆ."

"ಇಲ್ಲೇ ಇದ್ನಲ್ಲ ಸಾರ್, ಈ ಬೆಂಚಿನ ಮೇಲೆ!"

ಅವರು ನನ್ನನ್ನೇ ನೋಡಿದರು. ಆಮೇಲೆ ನನಗೆ ಬೆನ್ನು ಮಾಡಿ ನಿಂತು ಏನೋ ಅಂದರಂತೆ. ನಾನು ಉತ್ತರ ಕೊಡಲಿಲ್ಲ. ಮತ್ತೆ ನನ್ನ ಕಡೆ ತಿರುಗಿದಾಗ ಅವರ ಮುಖ ಬದಲಾಗಿತ್ತು. ಆ ಸದ್ದಿನಲ್ಲಿ ಎದುರಿಗಿದ್ದವರ ತುಟಿ ನೋಡಿ ಮಾತು ತಿಳಿಯುವುದು ಮಗ್ಗದವರಿಗೆಲ್ಲ ಅಭ್ಯಾಸ. ನಮ್ಮ ಮನೆಯಲ್ಲಿ ಎಲ್ಲರೂ ಕೂಗಿಯೇ ಮಾತಾಡುವವರು. ಹಾಗಾಗಿ ಕಿವಿ ಯಾವಾಗ ಹೋಯಿತೋ ಯಾರಿಗೂ ತಿಳಿದಿರಲಿಲ್ಲ. ನನಗೆ ಸ್ವಲ್ಪ ತಿಳಿದಿತ್ತು, ಮುಚ್ಚಿಟ್ಟುಕೊಂಡಿದ್ದೆ.

ಮೇಲಿನ ಕೋರ್ಟಿಗೆ ಅಪೀಲು ಹಾಕಬಹುದು, ಆದರೆ ಬಾರದಿದ್ದುದಕ್ಕೆ ಕಾರಣ ಬರೆಯಬೇಕು ಎಂದರು ವಕೀಲರು. ತಾವೂ ಬೇರೆ ಕೋರ್ಟಿನಲ್ಲಿ ಸಿಕ್ಕಿಬಿದ್ದಿದ್ದು ತಪ್ಪೇ ಎಂದು ತಲೆ ತಗ್ಗಿಸಿದರು. ಮರುದಿನ ಫೋನ್ ಮಾಡಿದ ಗುಮಾಸ್ತರು, "ಜ್ವರ ಅಂತ ಬರೆದ್ರೆ ಸುಲಭ" ಎಂದು ನನ್ನ ಗಂಡನಿಗೆ ಹೇಳಿದರು. ನನಗೂ ಜ್ವರವೇ ಒಳ್ಳೆಯದೆನಿಸಿತು. ಜ್ವರ ಬಿಟ್ಟುಹೋಗುತ್ತದೆ, ಕಿವುಡಿ ಎನ್ನುವ ಮಾತು ಬಿಟ್ಟುಹೋಗುವುದಿಲ್ಲ.

ಗಂಡ ಊಟದ ತಟ್ಟೆ ಸರಿಸಿ ನನ್ನ ಎದುರಿಗೆ ಕೂತರು. "ಇಲ್ನೋಡು, ನೀ ಅಲ್ಲಿಗೆ ಹೋಗಿದ್ದೆ ತಾನೆ? ಹೋಗಿದ್ದವಳು ಹೋಗಿಲ್ಲ ಅಂತ ಯಾಕೆ ಸುಳ್ಳು ಹೇಳ್ಬೇಕು?"

ಆ ರಾತ್ರಿ ಕಳೆದ ಮೇಲೆ ಕಿವಿಯ ವಿಷಯವನ್ನೇ ಬರೆಸಲು ಒಪ್ಪಿದೆ. ಕೊಯಮತ್ತೂರಿನ ಆಸ್ಪತ್ರೆಯಲ್ಲಿ ಗಾಜಿನ ಪುಟ್ಟ ಕೋಣೆಯೊಳಗೆ ಕೂರಿಸಿ, ಸದ್ದು ಕೇಳಿದಾಗ ಗುಂಡಿ ಒತ್ತಿ ಎಂದರು. ಸದ್ದು ಕೇಳಿತೋ, ಕೇಳಿತೆಂದು ನಾನೇ ಅಂದುಕೊಂಡೆನೋ ತಿಳಿಯದೆ ಎಷ್ಟೋ ಹೊತ್ತು ಬೆರಳನ್ನು ಗುಂಡಿಯ ಮೇಲೆಯೇ ಇಟ್ಟುಕೊಂಡಿದ್ದೆ. ಹೊರಗೆ ಬಂದಾಗ ಡಾಕ್ಟರ ಕೈಯಲ್ಲಿದ್ದ ಹಾಳೆಯಲ್ಲಿ ಗೆರೆಯೊಂದು ಬೆಟ್ಟದಿಂದ ಇಳಿದಂತೆ ಕೆಳಗೆ ಇಳಿದಿತ್ತು. ಆ ಹಾಳೆಯನ್ನೇ ಅಪೀಲಿಗೆ ಲಗತ್ತಿಸಿದರು.

ತಿರುಪ್ಪೂರಿನ ಕೋರ್ಟಿನಲ್ಲಿ ನ್ಯಾಯಾಧೀಶೆ ಹಾಳೆ ನೋಡಿ, ನನ್ನನ್ನು ಮೇಜಿನ ಹತ್ತಿರ ಕರೆಸಿ, ಬಿಡಿಬಿಡಿಯಾಗಿ ಕೇಳಿದರು: "ಕೋರ್ಟಿಗೆ ಬಂದು ಏನು ಮಾಡ್ತಿದ್ರಿ?"

"ಮರ ನೋಡ್ತಿದ್ದೆ ಅಮ್ಮಾ" ಎಂದೆ. ಅವರು ನಗಲಿಲ್ಲ. ಕೆಲವು ವಾರಗಳ ಮೇಲೆ ಆದೇಶ ಬಂತು. ವಜಾ ರದ್ದಾಯಿತು, ಕೇಸು ಪಲ್ಲಡಂಗೆ ಮರಳಿತು. ನಾನು ಕೋರ್ಟಿನ ಒಳಗೇ ಕೂರಬೇಕೆಂದು ಅದರಲ್ಲಿ ಬರೆದಿತ್ತು.

ವಿಚಾರಣೆ ಪೂರ್ತಿ ನಡೆಯಲಿಲ್ಲ. ವ್ಯಾಪಾರಿ ರಾಜಿಗೆ ಬಂದರು, ಹಣ ಕಟ್ಟಿದರು. ಸಹಿ ಹಾಕಿದ ದಿನ ಅವರು ನನ್ನ ಎದುರಿಗೆ ಬಂದು ನಿಂತು, ನಿಧಾನವಾಗಿ ಅಂದರು: "ಅವತ್ತೆಲ್ಲ ಹೆಸರು ಕೂಗಿದಾಗ ನೀವು ಹೊರಗೆ ಕೂತಿದ್ದು ನೋಡಿದ್ದೆ ಅಮ್ಮಾ. ಬಂದು ಎಬ್ಬಿಸ್ಬೇಕು ಅನ್ನಿಸ್ತು. ಎಬ್ಬಿಸ್ಲಿಲ್ಲ."

ನನಗೆ ಕೋಪ ಬರಬೇಕಿತ್ತು. ಬರಲಿಲ್ಲ. "ನಿದ್ದೆ ಮಾಡ್ತಿರಲಿಲ್ಲಪ್ಪಾ" ಎಂದಷ್ಟೇ ಹೇಳಿ, ಪೆನ್ನನ್ನು ಗುಮಾಸ್ತರಿಗೆ ವಾಪಸು ಕೊಟ್ಟೆ.