ಕೌದಿಯೊಳಗೆ ನದಿ ದಾಟಿದ ಚಿತ್ರದ ಪುಸ್ತಕ

ಚಿತ್ರಕಲೆ ಕಲಿಯುತ್ತಿರುವ ಮೊಮ್ಮಗಳು ಹೋದ ವಾರ ಒಂದು ಚೀಲ ತುಂಬ ಪುಸ್ತಕ ತಂದು ನನ್ನ ಮಂಚದ ಮೇಲೆ ಸುರಿದಳು. ಎಲ್ಲವೂ ಈ ಕಾಲದ ಚಿತ್ರಕಾರರ ಮೇಲೆ ಬರೆದವು. "ಆಯಿ, ಇದರಾಗ ಮೊದಲು ಯಾವುದು ಓದಲಿ, ನೀನೇ ಹೇಳು" ಅಂದಳು. ತಮಾಷೆಗೆ ಕೇಳಿದ್ದು, ನನಗೆ ಗೊತ್ತು. ನಾನು ಆಳಂದ ತಾಲೂಕಿನ ಒಂದು ಹಳ್ಳಿಯ ಶಾಲೆಯಲ್ಲಿ ನಾಲ್ಕನೆಯ ಇಯತ್ತೆಗೆ ಓದು ನಿಲ್ಲಿಸಿದವಳು. ಇಂಗ್ಲಿಷ್ ಬರುವುದಿಲ್ಲ.

ಆದರೂ ಕನ್ನಡಕ ಹಾಕಿಕೊಂಡು ಎಲ್ಲವನ್ನೂ ತಿರುವಿ ನೋಡಿದೆ. ಪುಟಕ್ಕೆ ಒಂದೇ ಚಿತ್ರ, ಅದೂ ದೊಡ್ಡದಾಗಿ ಇರುವ ಪುಸ್ತಕಗಳನ್ನು ಒಂದು ಕಡೆ ಇಟ್ಟೆ. ಅಂಚೆ ಚೀಟಿಯಷ್ಟು ಚಿತ್ರ ಹಾಕಿ ಉಳಿದ ಜಾಗವೆಲ್ಲ ಮಾತಾಡುವ ಪುಸ್ತಕಗಳನ್ನು ಇನ್ನೊಂದು ಕಡೆ ಇಟ್ಟೆ. "ಇವು ಮೊದಲು ನೋಡು. ಅವು ಆಮ್ಯಾಲ ಓದು" ಅಂದೆ. ಆಮೇಲೆ ಟ್ರಂಕಿನ ತಳದಿಂದ ನನ್ನದೊಂದು ಪುಸ್ತಕ ತೆಗೆದು ಎಲ್ಲದರ ಮೇಲೆ ಇಟ್ಟೆ. ಅದರ ಬೆನ್ನಿಗೆ ಕೆಂಪು ದಾರ, ಒಂದು ಪುಟದಲ್ಲಿ ಅಂಗೈಯಗಲ ಕಲೆ. "ಇದಕ್ಕ ಏನಾಗೇದ ಆಯಿ?" ಎಂದು ಕೇಳಿದಳು. ನಾಲ್ಕು ಜನರ ಮುಂದೆ ಕೂತು ಹೇಳುವುದು ನನಗೆ ಮೊದಲಿನಿಂದಲೂ ಆಗದು. ಅದಕ್ಕೆ ಮೊಮ್ಮಕ್ಕಳಾದ ನಿಮಗೆಲ್ಲರಿಗೂ ಸೇರಿಸಿ ಬರೆಯುತ್ತಿದ್ದೇನೆ.

ನಿಮ್ಮ ಅಜ್ಜ ಆಗ ಜೇವರ್ಗಿಯ ಶಾಲೆಯಲ್ಲಿ ಮಾಸ್ತರರಾಗಿದ್ದರು. ನಾನು, ನಮ್ಮ ಅತ್ತೆ ಕರಜಗಿಯ ಮನೆಯಲ್ಲಿ. ನನಗೆ ಮದುವೆಯಾಗಿ ಹೆಚ್ಚು ದಿನ ಆಗಿರಲಿಲ್ಲ. ಅಜ್ಜ ಚಿತ್ರ ಕಲಿತದ್ದು ಸೊಲ್ಲಾಪುರದಲ್ಲಿ, ಒಬ್ಬ ಹಿರಿಯ ಮಾಸ್ತರರ ಹತ್ತಿರ. ದೇಶಕ್ಕೆ ಸ್ವಾತಂತ್ರ್ಯ ಬಂದ ವರ್ಷದ ದೀಪಾವಳಿಗೆ ಗುರುಗಳನ್ನು ಕಂಡು ಬರುವಾಗ ಈ ಪುಸ್ತಕ ತಂದರು. ಪರದೇಶದ ಹೊಸ ಚಿತ್ರಕಾರರ ಪುಸ್ತಕ. ಗುರುಗಳ ಬಳಿ ಇದ್ದದ್ದು ಅದೊಂದೇ. ಅದನ್ನೇ ತೋರಿಸಿ ಅವರು ಹುಡುಗರಿಗೆ ಪಾಠ ಹೇಳುತ್ತಿದ್ದರು. ಬೇಸಿಗೆ ಮುಗಿಯುವುದರೊಳಗೆ ತಂದು ಕೊಡುತ್ತೇನೆಂದು ಅಜ್ಜ ಮಾತು ಕೊಟ್ಟಿದ್ದರು.

ರಜೆಗೆ ಊರಿಗೆ ಬಂದಾಗಲೆಲ್ಲ ಪಡಸಾಲೆಯಲ್ಲಿ ಚಾಪೆ ಹಾಸಿ ಅದನ್ನು ಬಿಚ್ಚಿ ಕೂಡುತ್ತಿದ್ದರು. ನಾನು ಅಡುಗೆ ಮನೆಯ ಹೊಸ್ತಿಲಲ್ಲಿ ನಿಂತು ನೋಡುತ್ತಿದ್ದೆ. ಅತ್ತೆಗೆ ಅಂಥ ಸಂಕೋಚ ಇರಲಿಲ್ಲ. ಬಗ್ಗಿ ನೋಡಿ, "ಈಕಿ ಮಾರಿ ಯಾಕೋ ಹಸಿರಾಗೇದ? ಗಂಡನ ಮನ್ಯಾಗ ಕೂಳು ಹಾಕಿಲ್ಲೇನು?" ಅಂದರು.

"ಅವ್ವಾ, ಅದು ಹೊಸ ತರಹದ ಚಿತ್ರ. ಕಣ್ಣಿಗಿ ಕಂಡದ್ದು ಅಲ್ಲ, ಮನಸಿಗಿ ಕಂಡದ್ದು ತಗೀತಾರ."

"ಮನಸಿಗಿ ಹಿಂಗ ಕಂಡ್ರ ವೈದ್ಯರ ಕಡಿ ಹೋಗಬೇಕಪಾ."

ಒಂದು ಪುಟದಲ್ಲಿ ಮನುಷ್ಯರೂ ಇಲ್ಲ, ಮರವೂ ಇಲ್ಲ, ಬರೀ ಬಣ್ಣದ ಚೌಕಗಳು. ಕೆಂಪಿನ ಪಕ್ಕದಲ್ಲಿ ಅರಿಶಿನ, ಅದರ ಪಕ್ಕದಲ್ಲಿ ಕಪ್ಪು. ಅಜ್ಜ ನನ್ನ ಕಡೆ ತಿರುಗಿ, "ಇದು ನಿನಗ ಏನು ಕಾಣ್ತದ?" ಎಂದು ಕೇಳಿದರು. "ಕೌದಿ" ಅಂದೆ, ಹಳೆಯ ಬಟ್ಟೆಯ ತುಂಡುಗಳನ್ನು ಕೂಡಿಸಿ ಹೊಲಿದ ನಮ್ಮ ಕಡೆಯ ಹೊದಿಕೆ. ಅವರು ನಕ್ಕರು, ಆದರೆ ಆ ಪುಟ ಬೇಗ ತಿರುವಲಿಲ್ಲ. ಅಂದಿನಿಂದ ಪುಸ್ತಕ ತೆಗೆದಾಗ ನನ್ನನ್ನೂ ಚಾಪೆಯ ಮೇಲೆ ಕೂಡಲು ಕರೆಯುತ್ತಿದ್ದರು.

ಭೀಮಾ ನದಿಯ ಆಚೆ ದಂಡೆಗೆ ಸ್ವಾತಂತ್ರ್ಯ ಬಂದಿತ್ತು, ನಮ್ಮ ಕಡೆ ಇನ್ನೂ ಸಂಸ್ಥಾನದ ಆಳಿಕೆ. ಬೇಸಿಗೆ ಬರುವಷ್ಟರಲ್ಲಿ ಗಲಾಟೆ ಹೆಚ್ಚಾಗಿ, ನಮ್ಮ ಊರಿನವರು ಒಬ್ಬೊಬ್ಬರಾಗಿ ನದಿ ದಾಟಿ ಇಂಡಿ ಊರಿನ ಕಡೆ ಹೋಗತೊಡಗಿದರು. ನಾವೂ ಹೊರಡುವುದೆಂದಾಯಿತು. ನದಿಯ ಹತ್ತಿರ ಸಂಸ್ಥಾನದವರ ತಪಾಸಣೆಯ ನಾಕಾ ಇತ್ತು. ಅಲ್ಲಿ ಗಂಟು ಮೂಟೆ ಬಿಚ್ಚಿಸುತ್ತಿದ್ದರು. ಸಂಸ್ಥಾನದ ವಿರುದ್ಧದ ಬರಹವಿದ್ದೀತೆಂದು ಅಚ್ಚಾದ ಕಾಗದ ಏನು ಸಿಕ್ಕರೂ ಕಸಿದು ಸುಡುತ್ತಿದ್ದರು, ತಂದವನನ್ನು ಬಿಡುತ್ತಿರಲಿಲ್ಲ.

ಪುಸ್ತಕವನ್ನು ಹಗೇವಿನಲ್ಲಿ, ಅಂದರೆ ಜೋಳ ತುಂಬಿಡುವ ನೆಲದೊಳಗಿನ ಗುಂಡಿಯಲ್ಲಿ ಇಡೋಣವೆಂದರೆ ಗೆದ್ದಲಿನ ಭಯ. ಅಜ್ಜ ಎರಡು ದಿನ ಸರಿಯಾಗಿ ಉಣ್ಣಲಿಲ್ಲ. "ನೀವು ಹೋಗ್ರಿ. ಪುಸ್ತಕ ಇಲ್ದೇ ಗುರುಗಳ ಮುಂದ ನಾ ಹ್ಯಾಂಗ ನಿಲ್ಲಲಿ? ನಾ ಇಲ್ಲೇ ಇರ್ತೇನಿ" ಅಂದುಬಿಟ್ಟರು. ಅವರಿಗೆ ಎದುರು ಮಾತಾಡಿ ನನಗೆ ಅಭ್ಯಾಸವಿರಲಿಲ್ಲ. ಆದರೂ ಬಾಯಿಬಿಟ್ಟೆ.

"ಬಿಚ್ಚಿದ್ರ ಒಯ್ಯಬಹುದ್ರಿ."

"ಏನು ಬಿಚ್ಚೂದು?"

"ಪುಸ್ತಕ. ಅದೂ ದಾರದಾಗ ಹೊಲ್ದದ್ದೇ ಅದಲ್ರಿ. ಕೌದ್ಯಾಗ ಹಾಕಿ ಹೊಲೀತೇನಿ. ಅಲ್ಲಿ ಹೋದ ಮ್ಯಾಲ ತಿರುಗಿ ಪುಸ್ತಕ ಮಾಡ್ತೇನಿ."

ಗುರುಗಳ ಪುಸ್ತಕಕ್ಕೆ ಸೂಜಿ ಹಾಕುವುದೆಂದರೆ ಅವರಿಗೆ ಜೀವ ಹೋದಷ್ಟು ಸಂಕಟ. ಕೊನೆಗೆ ತಾವೇ ತಂದು ನನ್ನ ಮುಂದೆ ಇಟ್ಟರು. ನಾನು ರಟ್ಟು ಬಿಡಿಸಿದೆ, ಒಂದೊಂದೇ ಹೊಲಿಗೆ ಸೂಜಿಯಿಂದ ಎತ್ತಿ ಕತ್ತರಿಸಿದೆ. ಒಂದು ಹಾಳೆಯೂ ಹರಿಯಲಿಲ್ಲ. ಕೆಳಗೆ ಹಳೆಯ ಇಲಕಲ್ ಸೀರೆ, ಮೇಲೆ ನಾನಾ ಬಣ್ಣದ ತುಂಡುಗಳು, ನಡುವೆ ಪುಸ್ತಕದ ಹಾಳೆಗಳು. ಸೂಜಿ ಹಾಳೆಯನ್ನು ಚುಚ್ಚಬಾರದೆಂದು ಸುತ್ತಲೂ ಚೌಕ ಬಿಟ್ಟು ಹೊಲಿದೆ. ರಟ್ಟು ಮಾತ್ರ ಊರಲ್ಲೇ ಉಳಿಯಿತು.

ಅತ್ತೆಯವರಿಗೆ ಅದರ ಸುದ್ದಿ ಹೇಳಿರಲಿಲ್ಲ. ಗೊತ್ತಿದ್ದರೆ ನಾಕಾದಲ್ಲಿ ಅಂಜುತ್ತಾರೆಂದು ಅಜ್ಜ ಬೇಡವೆಂದಿದ್ದರು.

ಹೊರಡುವ ದಿನ ಬಂಡಿಯಲ್ಲಿ ಕಣಕಿ, ಅಂದರೆ ಜೋಳದ ಒಣ ದಂಟು ಹರಡಿ, ಅದರ ಮೇಲೆ ಕೌದಿ ಹಾಸಿದೆವು. ಒಳಗಿನ ಕಾಗದ ಸರಸರ ಅಂದರೆ ಒಣ ಕಣಕಿಯ ಸದ್ದೆಂದು ತಿಳಿಯಲಿ ಎಂದು. ನದಿಯ ನೀರು ಇಳಿದಿತ್ತು. ನಾಕಾದವನು ನಮ್ಮನ್ನೆಲ್ಲ ಇಳಿಸಿ, ಗಂಟು ಬಿಚ್ಚಿ ನೋಡಿ, ಕೊನೆಗೆ ಕೌದಿಯ ಮೂಲೆ ಹಿಡಿದು ಎತ್ತಿದ.

"ಬ್ಯಾಸಿಗ್ಯಾಗ ಕೌದಿ ಯಾಕ ಬೇ ಮುದುಕಿ? ಅದೂ ಇಷ್ಟ್ಯಾಕ ವಜ್ಜಾ ಅದ?"

ಅಜ್ಜ ಎತ್ತಿನ ಹಗ್ಗ ಹಿಡಿದು ನೆಲ ನೋಡುತ್ತಿದ್ದರು. ಅತ್ತೆ ಮಾತ್ರ ಸೊಂಟದ ಮೇಲೆ ಕೈ ಇಟ್ಟರು.

"ಹೊಟ್ಟಿ ತುಂಬಿದ್ದು ವಜ್ಜಾ ಇರಲಾರ್ದ ಹಗುರ ಇರ್ತದೇನಪಾ? ಹೋಳಿಗಿ ಉಣ್ಣಿಸೀನಿ ಅದಕ್ಕ. ನಿಮ್ಮವ್ವ ಕೌದಿ ಉಪಾಸ ಇಡ್ತಿದ್ಲೇನು?"

"ಒಂದು ಹೋಳಿಗಿಗಿ ಇಷ್ಟು ವಜ್ಜಾ?"

"ನಮ್ಮ ಮನಿ ಹೋಳಿಗಿ ಹಂಗೇ ಇರ್ತಾವ. ನಿಮ್ಮ ಮನ್ಯಾಗ ಹಪ್ಪಳದಂಗ ಮಾಡ್ತಾರೋ ಏನೋ, ನನಗೇನು ಗೊತ್ತು."

ನಮ್ಮ ಕಡೆ ಕೌದಿ ಹೊಲಿದು ಮುಗಿಸುವಾಗ ಕೊನೆಯ ಮೂಲೆಯಲ್ಲಿ ಹೋಳಿಗೆಯ ತುಣುಕು ಇಟ್ಟು ಹೊಲಿಯುತ್ತಾರೆ. ಕೌದಿ ಹಸಿದಿರಬಾರದು, ಹಸಿದ ಕೌದಿ ಹೊದ್ದವರಿಗೆ ನಿದ್ದೆ ಬಾರದು ಎಂದು ನಂಬಿಕೆ. ಅವಸರದಲ್ಲಿ ನಾನು ಅದನ್ನು ಮಾಡಿರಲಿಲ್ಲ. ಅತ್ತೆ ನೋಡಿದ್ದಾರೆ. ನನಗೆ ಹೇಳದೆ ಮೂಲೆಯ ನಾಲ್ಕು ಹೊಲಿಗೆಯಷ್ಟೇ ಬಿಚ್ಚಿ, ತುಪ್ಪ ಹಚ್ಚಿದ ಹೋಳಿಗೆಯ ದೊಡ್ಡ ತುಣುಕೇ ಇಟ್ಟು ಹೊಲಿದುಬಿಟ್ಟಿದ್ದಾರೆ.

ನಾಕಾದವನು ಆ ಮೂಲೆ ಹಿಚುಕಿದ. ಬೆರಳಿಗೆ ಜಿಡ್ಡು ಹತ್ತಿತು. ಮೂಸಿ ನೋಡಿ ನಕ್ಕ. "ಹೌದು ಬಿಡು ಮುದುಕಿ, ನಮ್ಮವ್ವನೂ ಹಿಂಗೇ ಮಾಡ್ತಿದ್ಲು. ಹೋಗ್ರಿ, ಹೋಗ್ರಿ" ಎಂದು ಕೌದಿ ಬಂಡಿಗೆ ಎಸೆದ.

ನೀರಿಗೆ ಬಂಡಿ ಇಳಿದ ಮೇಲೆ ಅಜ್ಜ ನನ್ನನ್ನು ನೋಡಿದರು. ಪುಸ್ತಕ ಉಳಿಯಿತು ಎಂಬ ಸಂತೋಷ, ತುಪ್ಪ ಯಾವ ಪುಟಕ್ಕೆ ಇಳಿದಿದೆಯೋ ಎಂಬ ಚಿಂತೆ, ಎರಡೂ ಒಂದೇ ಮುಖದ ಮೇಲೆ. ಆ ಪುಸ್ತಕದೊಳಗಿನ ಮುಖಗಳ ಹಾಗೆಯೇ ಕಂಡರು.

ಇಂಡಿ ಊರಿನ ಕಡೆಯಿಂದ ರೈಲು ಹಿಡಿದು ಸೊಲ್ಲಾಪುರ ಸೇರಿದೆವು. ಗುರುಗಳ ಮನೆಯ ಅಂಗಳದಲ್ಲೇ ಕೌದಿ ಬಿಚ್ಚಿದೆ. ಹಾಳೆಗಳೆಲ್ಲ ಇಟ್ಟ ಹಾಗೆಯೇ ಬಂದವು. ಕೊನೆಯ ಮೂಲೆಯದೊಂದು ಮಾತ್ರ ಜಿಡ್ಡಾಗಿತ್ತು. ನಾನು ಕೌದಿ ಎಂದಿದ್ದ ಆ ಚೌಕಗಳ ಚಿತ್ರವೇ. ಅತ್ತೆಗೆ ಆಗಲೇ ಎಲ್ಲ ತಿಳಿದದ್ದು. ಮುಂದೆ ಬಂದು ನಿಂತರು.

"ನನ್ನ ಕೈಲಿಂದ ಆಗೇದ್ರಿ. ಅವನಿಗಿ ಬೈಬ್ಯಾಡ್ರಿ. ನಾ ಕೌದಿಗಿ ಉಣ್ಸೀನಿ, ಚಿತ್ರಕ್ಕಲ್ಲ."

ಗುರುಗಳು ಆ ಹಾಳೆಯನ್ನು ಬಿಸಿಲಿಗೆ ಹಿಡಿದರು. ತುಪ್ಪ ಕುಡಿದಲ್ಲಿ ಕಾಗದದೊಳಗಿಂದ ಬೆಳಕು ಬಂದು ಕೆಂಪು, ಹಳದಿ ಎರಡೂ ಕೆಂಡದಂತಾದವು. "ಚಿತ್ರನೂ ಉಂಡದ ಬಿಡ್ರಿ ಅವ್ವಾರ" ಎಂದು ನಕ್ಕರು.

ಮರುದಿನದಿಂದ ಅವರ ಮನೆಯ ಹಿತ್ತಿಲಲ್ಲಿ ಕೂತು ಪುಸ್ತಕ ಹೊಲಿದೆ. ಬಿಳಿ ದಾರ ಗಟ್ಟಿಯಿರಲಿಲ್ಲ, ಕೌದಿಯ ಕೆಂಪು ದಾರಕ್ಕೇ ಮೇಣ ಸವರಿ ಹೊಲಿದೆ. ಗುರುಗಳು ಹೊಸ ರಟ್ಟು ಹಾಕಿಸಿದರು. ಆಮೇಲೆ ಪುಟ ಪುಟ ತಿರುವಿ, ಬೆನ್ನು ಹಿಡಿದು ಜಗ್ಗಿ ನೋಡಿದರು. ನಾನು ಬಾಗಿಲ ಹಿಂದೆ ನಿಂತಿದ್ದೆ. ಅವರು ಬಾಗಿಲ ಕಡೆ ತಿರುಗಿ, "ತಂಗಿ, ನಾ ಕೊಟ್ಟಾಗ ಇದ್ದದ್ದಕ್ಕಿಂತ ಗಟ್ಟಿ ಆಗಿ ಬಂದದ" ಅಂದರು. ನಾನು ತಲೆಯಾಡಿಸಿದೆ. ಅವರಿಗೆ ಕಾಣಲಿಲ್ಲ, ಅಜ್ಜನಿಗೆ ಕಂಡಿತು. ಅಷ್ಟು ನೆಟ್ಟಗೆ ಬೆನ್ನು ಮಾಡಿ ನಿಂತ ನಿಮ್ಮ ಅಜ್ಜನನ್ನು ನಾನು ಅದಕ್ಕಿಂತ ಮೊದಲು ನೋಡಿರಲಿಲ್ಲ.

ಆ ವರ್ಷ ಮಳೆಗಾಲ ಮುಗಿಯುವಾಗ ಗಲಾಟೆ ನಿಂತು ನಾವು ಊರಿಗೆ ಮರಳಿದೆವು. ಗುರುಗಳು ಅದೇ ಪುಸ್ತಕ ತೋರಿಸಿ ಇನ್ನೂ ಎಷ್ಟೋ ಹುಡುಗರಿಗೆ ಕಲಿಸಿದರು. ಕಣ್ಣು ಮಂದವಾದ ಮೇಲೆ ಅದನ್ನು ನಮಗೇ ಕಳಿಸಿದರು, ಅಜ್ಜನ ಹೆಸರಿಗಲ್ಲ, ನನ್ನ ಹೆಸರಿಗೆ.

ಅದಕ್ಕೇ ಮಗಳೇ, ನಿನ್ನ ಅಷ್ಟೂ ಪುಸ್ತಕಗಳ ಮೇಲೆ ಅದನ್ನಿಟ್ಟೆ. ಕೈ ತೊಳೆದು ಮುಟ್ಟು. ಆ ಕಲೆಯ ಪುಟವನ್ನು ಕಿಟಕಿಯ ಹತ್ತಿರ ಒಯ್ದು ನೋಡು. ಬೆನ್ನಿನ ದಾರ ಜಗ್ಗಿ ನೋಡಬೇಕೆನಿಸಿದರೆ ಜಗ್ಗು, ಬಿಚ್ಚುವುದಿಲ್ಲ.