ಅಜ್ಜಿಗೂ ಬರುತ್ತಿದ್ದ ಯೋಚನೆ

ಮೊಣಕಾಲಿನಿಂದ ಪಾದದವರೆಗೆ ಅವರ ಚರ್ಮ ಎಣ್ಣೆ ಕುಡಿದು ಹೊಳೆಯುತ್ತಿತ್ತು. ಉಳಿದ ಮೈಯೆಲ್ಲ ಒಣಗಿ ಸುಕ್ಕಾಗಿತ್ತು. ಹುಣಸೂರಿನ ನಮ್ಮ ಬೀದಿಯ ಎಳೆಮಕ್ಕಳನ್ನೆಲ್ಲ ಆ ಚಾಚಿದ ಕಾಲುಗಳ ಮೇಲೆ ಮಲಗಿಸಿಕೊಂಡು ಹರಳೆಣ್ಣೆ ತಿಕ್ಕಿ ನೀರು ಹಾಕಿದವರು ಅವರು. ನನಗೂ ಹಾಕಿದ್ದರಂತೆ. ಎಲ್ಲರೂ ಅವರನ್ನು ಕರೆಯುತ್ತಿದ್ದುದು ‘ನೀರು ಹಾಕುವ ಅಜ್ಜಿ’ ಎಂದೇ. ನೀರಿನ ಹದವನ್ನು ಮೊಣಕೈಯಿಂದ ಮುಟ್ಟಿ ನೋಡುವರು, ಒಂದೇ ಸಲ. ಮಗು ಕಿರುಚಿದರೆ, “ಕೂಗ್ಲಾ ಕೂಗು, ಡೆಲ್ಲಿಗೇ ಕೇಳ್ಲಿ” ಎಂದು ಇನ್ನೊಂದು ಚೊಂಬು ಸುರಿಯುವರು.

ಅರವತ್ತರ ದಶಕದ ಕೊನೆ. ಮೈಸೂರಿನಲ್ಲಿ ಬಿ.ಎ. ಪರೀಕ್ಷೆ ಬರೆದು ಮನೆಗೆ ಬಂದಿದ್ದೆ. ಅಕ್ಕ ಬಾಣಂತಿ. ಮೊದಲ ವಾರ ಮಗುವನ್ನು ನಾನು ಕೆಳಗಿಳಿಸಿದ್ದೇ ಇಲ್ಲ. ಒಂದು ಬೆಳಿಗ್ಗೆ ಅವನನ್ನು ಎತ್ತಿಕೊಂಡು ಹಿತ್ತಲಿನ ಬಾವಿಯ ಪಕ್ಕ ಹೋಗುವಾಗ, ಇವನನ್ನು ಒಳಗೆ ಹಾಕಿಬಿಟ್ಟರೆ, ಎಂಬ ಯೋಚನೆ ಬಂತು. ಓಡಿಬಂದು ಮಗುವನ್ನು ಚಾಪೆಯ ಮೇಲೆ ಮಲಗಿಸಿದೆ. ಮರುದಿನ ಬಾವಿ ಇಲ್ಲದ ಕಡೆಯೂ ಅದು ಬಂತು. ಓಡಿಸಿದಷ್ಟೂ ಬಂತು. ದೇವರ ಹೆಸರನ್ನು ಹನ್ನೊಂದು ಸಲ ಹೇಳಿಕೊಳ್ಳುತ್ತಿದ್ದೆ. ನಡುವೆ ಅದು ನುಸುಳಿದರೆ ಮತ್ತೆ ಮೊದಲಿನಿಂದ. ನಾನು ಅಂಥದ್ದನ್ನು ಮಾಡಬಲ್ಲವಳು ಎಂದು ನನಗೆ ಖಾತ್ರಿಯಾಯಿತು. ಮಗುವನ್ನು ಮುಟ್ಟುವುದನ್ನೇ ಬಿಟ್ಟೆ.

“ಓದ್ದೋರಿಗೆ ಮಗು ಉಚ್ಚೆ ವಾಸನೆ ಆಗಲ್ಲ ಅಲ್ವೇನೇ?” ಎಂದಳು ಅಕ್ಕ.

ಇನ್ನು ಹದಿನೈದು ದಿನಕ್ಕೆ ಅವಳು ಭೇರ್ಯದ ಗಂಡನ ಮನೆಗೆ ಹೊರಡುವವಳಿದ್ದಳು. ನನ್ನನ್ನು ಹೀಗೆಂದೇ ತಿಳಿದು ಹೋಗುತ್ತಾಳಲ್ಲ ಎಂದು ಸಂಕಟವಾಗುತ್ತಿತ್ತು. ನಿಜ ಹೇಳುವಂತೆಯೂ ಇರಲಿಲ್ಲ.

ಒಂದು ದಿನ ಮಗುವಿಗೆ ನೀರು ಹಾಕಿ ಮುಗಿಸಿದ ಅಜ್ಜಿ ಹಿತ್ತಲ ಬಚ್ಚಲಿನಿಂದ ಟವಲು ಕೇಳಿದರು. ಕೊಟ್ಟೆ. “ಮಗಿನ ಈಸ್ಕೋ” ಎಂದರು. ನಾನು ಹಿಂದೆ ಸರಿದೆ. ಅವರು ನನ್ನ ಕೈಗಳನ್ನೇ ನೋಡಿದರು.

“ಯಾಕವ್ವ, ಬಿದ್ದೋಯ್ತದೆ ಅಂತಲಾ? ಇಲ್ಲ, ನೀನೇ ಏನಾರ ಮಾಡ್ಬುಡ್ತೀಯ ಅಂತಲಾ?”

“ಎರಡನೇದು” ಎಂದೆ.

ಅವರು ಗಾಬರಿಯಾಗಲಿಲ್ಲ. “ನಂಗೂ ಬತ್ತದೆ” ಎಂದರು. “ಹಂಡೇಲಿ ಕುದಿಯೋ ನೀರ ಅಂಗೇ ಮೊಗ್ದು ಉಯ್ದ್‌ಬುಟ್ರೆ ಅಂತ. ಮೊದ್ಲೆಲ್ಲ ಮೂರು ಸತಿ ಮುಟ್ಟಿ ನೋಡ್ತಿದ್ದೆ. ಆಮ್ಯಾಕೆ ಏಳು ಸತಿ. ಒಂದ್ಸತಿ ಮಗಿನ ಬರಿಮೈಲಿ ಮಲಗಿಸ್ಕಂಡು ನೋಡ್ತಾ ನೋಡ್ತಾ ನೀರೇ ಆರೋಯ್ತು. ಅದುನ್ನೇ ಉಯ್ದೆ. ಎದೆಗೆ ಸೀತ ಕಟ್ಕಂಡು ಎಂಟು ದಿನ ಗೊರಗೊರ ಅಂತು. ಸುಟ್ಬುಡ್ತೀನಿ ಅನ್ನೋ ದಿಗಿಲಲ್ಲಿ ನಡುಗಿಸ್ಬುಟ್ಟೆ ಕಣವ್ವ.”

“ಮಗು ಏನಾಯ್ತು?”

“ಏನಾಯ್ತದೆ, ಈಗ ಬಸ್ ಕಂಡಕ್ಟ್ರು. ಹುಟ್ಟಿದಾಗಿಂದ ನೀರಾಕಿದ್ದೀನಿ, ನನ್ನೇ ‘ಮುಂದಕ್ಕೋಗಜ್ಜಿ’ ಅಂತ ತಳ್ತಾನೆ!”

ನಗು ಬಂತು, ಕಣ್ಣಲ್ಲಿ ನೀರೂ ಬಂತು. “ಈಗೇನ್ಮಾಡ್ತೀರಿ, ಅಜ್ಜಿ?”

“ಒಂದೇ ಸತಿ ನೋಡದು. ಅದು ಬಂದ್ರೆ ಬಾ, ಕೂತ್ಕೋ ಅಂತೀನಿ. ಜಗಳಕ್ಕೋಗಾಕಿಲ್ಲ. ನನ್ಪಾಡಿಗೆ ನೀರು ಉಯ್ತಾ ಇರ್ತೀನಿ. ಮಾಡೋ ಮನ್ಸಿದ್ದೋರ್ಗೆ ಇಷ್ಟು ದಿಗಿಲು ಇರಾಕಿಲ್ಲ ಕಣವ್ವ. ಈಸ್ಕೋ, ಚಳಿಯಾಯ್ತದೆ.”

ಮಗುವನ್ನು ನನ್ನ ಕೈಯಲ್ಲಿಟ್ಟರು. ಒಳಗೆ ಹೋಗಲು ಬಾವಿಯ ಪಕ್ಕದ್ದೊಂದೇ ದಾರಿ. ಯೋಚನೆ ಬಂತು. ಹನ್ನೊಂದು ಸಲ ಎಣಿಸಲಿಲ್ಲ. ಮಗುವನ್ನು ಎದೆಗೊತ್ತಿಕೊಂಡು ಬಾವಿ ದಾಟಿದೆ. ತಿರುಗಿ ನೋಡಿದರೆ ಅಜ್ಜಿ ನನ್ನ ಕಡೆ ನೋಡುತ್ತಲೂ ಇರಲಿಲ್ಲ. ಬಚ್ಚಲಲ್ಲಿ ಕೂತು ಸೀರೆಯ ಅಂಚು ಹಿಂಡಿಕೊಳ್ಳುತ್ತಿದ್ದರು. ನನ್ನನ್ನು ಅಷ್ಟು ನಂಬಿದವರನ್ನು ಆಮೇಲೆ ನಾನು ಕಂಡಿಲ್ಲ. ಅಕ್ಕ ಭೇರ್ಯಕ್ಕೆ ಹೊರಟ ದಿನ ಬಸ್ಸಿನವರೆಗೂ ಮಗು ನನ್ನ ಹೆಗಲ ಮೇಲೇ ಇತ್ತು.

ಎರಡು ವರ್ಷದ ನಂತರ ಅಜ್ಜಿ ಹಾಸಿಗೆ ಹಿಡಿದಿದ್ದಾರೆಂದು ತಿಳಿದು ನೋಡಲು ಹೋದೆ. ನಾನಾಗ ಎಂ.ಎ. ಮುಗಿಸಿದ್ದೆ. ಅವರ ಸೊಸೆ ಒಲೆಯ ಮುಂದಿದ್ದಳು. ಅಜ್ಜಿ ನನ್ನ ಕೈ ಹಿಡಿದು, ಅವಳಿಗೆ ಕೇಳದಷ್ಟು ಮೆಲ್ಲಗೆ, “ಈಗ್ಲೂ ಬತ್ತದಾ ಅದು?” ಎಂದರು.

“ಇಲ್ಲಜ್ಜಿ, ಯಾವತ್ತೋ ಹೋಯ್ತು” ಎಂದೆ.

“ಒಳ್ಳೇದಾಯ್ತು ಬುಡು” ಎಂದು ಗೋಡೆಯ ಕಡೆ ಹೊರಳಿದರು. ಆ ತಿಂಗಳಲ್ಲೇ ತೀರಿಕೊಂಡರು.

ಅವರು ಕೇಳಿದ್ದು ನನ್ನ ಕ್ಷೇಮವನ್ನಷ್ಟೇ ಅಲ್ಲ, ತಮಗಿನ್ನೂ ಬರುತ್ತಿದ್ದುದಕ್ಕೆ ಒಂದು ಜೊತೆಯನ್ನು ಎಂದು ನನಗೆ ಹೊಳೆದದ್ದು ತಡವಾಗಿ. ಈಗಲೂ ಬರುತ್ತದೆ ಅಜ್ಜಿ. ಅಂದು ನಿಮ್ಮ ಮನೆಗೆ ನಡೆದು ಬರುವಾಗಲೂ ಬಂದಿತ್ತು.