ಶಬೀನಾಳನ್ನು ಮನೆಯವರು ಕಳಿಸಲಿಲ್ಲವಂತೆ

ಕಳೆದ ತಿಂಗಳು ಚಾಮರಾಜನಗರದಲ್ಲಿ ಒಬ್ಬ ದೈಹಿಕ ಶಿಕ್ಷಕರಿಗೆ ನಿವೃತ್ತಿಯ ಸನ್ಮಾನ ನಡೆಯಿತು. ಶಾಲು, ಹಾರ, ಹಣ್ಣಿನ ಬುಟ್ಟಿ ಎಲ್ಲ ಆದ ಮೇಲೆ ಶಿವರುದ್ರಸ್ವಾಮಿ ಮೇಷ್ಟ್ರು ಮೈಕಿನ ಮುಂದೆ ನಿಂತರು. ತಮ್ಮ ಇಡೀ ಸೇವೆಯಲ್ಲಿ ಒಂದೇ ಒಂದು ಕೊರಗು ಉಳಿದಿದೆ ಎಂದರು. ಗುಂಡ್ಲುಪೇಟೆಯ ಒಬ್ಬ ಮುಸ್ಲಿಂ ಹುಡುಗಿ, ಹ್ಯಾಂಡ್‌ಬಾಲ್ ತಂಡದ ಗೋಲ್‌ಕೀಪರ್, ರಾಜ್ಯ ತಂಡಕ್ಕೇ ಆಯ್ಕೆಯಾಗಿದ್ದಳು, ಆದರೆ ಏನು ಮಾಡುವುದು, ಮನೆಯವರು ಕಳಿಸಲಿಲ್ಲ ಎಂದರು. ಸಭೆಯೆಲ್ಲ ಲೊಚಗುಟ್ಟಿತು. ಮುಂದಿನ ಸಾಲಿನಲ್ಲಿ ಯಾರೋ ಸೆರಗಿನಿಂದ ಕಣ್ಣೊತ್ತಿಕೊಂಡರು. ಯಾವ ಮನೆ, ಯಾರ ಮಗಳು, ಹೋಗಿ ಕೇಳಿದಿರಾ ಎಂದು ಒಬ್ಬರೂ ಬಾಯಿ ಬಿಡಲಿಲ್ಲ. ಯಾಕೆ ಬಿಡಬೇಕು? ಪ್ರಶ್ನೆ ಹುಟ್ಟುವ ಮೊದಲೇ ಉತ್ತರ ಎಲ್ಲರ ಜೇಬಿನಲ್ಲೂ ಇತ್ತು.

ಹುಡುಗಿಯ ಹೆಸರು ಶಬೀನಾ. ಮನೆ ಗುಂಡ್ಲುಪೇಟೆಯ ಊಟಿ ರಸ್ತೆಯ ಹಿಂದಿನ ಓಣಿಯಲ್ಲಿ. ಅಪ್ಪ ಅಬ್ದುಲ್ ಜಬ್ಬಾರ್ ಲಾರಿಗಳಿಗೆ ಸೀಟು ಹೊಲಿಯುವವರು, ಟಾರ್ಪಾಲು ತೇಪೆ ಹಾಕುವವರು. ಕೇರಳಕ್ಕೆ ತರಕಾರಿ ಹೊತ್ತು ಹೋಗುವ ಲಾರಿಗಳ ಡ್ರೈವರುಗಳಲ್ಲಿ ಅರ್ಧದಷ್ಟಾದರೂ ಅವರ ಹೊಲಿಗೆಯ ಮೇಲೆ ಕೂತೇ ಘಾಟಿ ಇಳಿಯುತ್ತಾರೆ. ಸನ್ಮಾನದ ಸಭೆಯಿಂದ ಬಸ್ಸು ಹತ್ತಿದ್ದರೆ ಸಂಜೆಯೊಳಗೆ ಹೋಗಿ ಕೇಳಿ ಬರಬಹುದಾದಷ್ಟು ದೂರ.

ಶಬೀನಾ ಗೋಲ್‌ಕೀಪರ್ ಆದ ಕತೆಯನ್ನು ಮೊದಲು ಹೇಳಬೇಕು. ಎರಡು ಸಾವಿರದ ಒಂದರಲ್ಲಿ ಅವಳು ಒಂಬತ್ತನೇ ತರಗತಿ. ಶಿವರುದ್ರಸ್ವಾಮಿ ಅವಳ ಶಾಲೆಯ ಮೇಷ್ಟ್ರು. ಚಾಮರಾಜನಗರದಿಂದ ದಿನಾ ಬಸ್ಸಿನಲ್ಲಿ ಬರುತ್ತಿದ್ದರು. ಕಬಡ್ಡಿ, ಖೋಖೋಗೆ ಹುಡುಗಿಯರನ್ನು ಇಳಿಸಿದರೆ ತಾಲ್ಲೂಕಿನಲ್ಲೇ ಸೋತು ಮನೆಗೆ ಬರಬೇಕು, ಹ್ಯಾಂಡ್‌ಬಾಲ್ ಎಂದರೆ ಎದುರಾಳಿಯೇ ಇಲ್ಲ, ನೇರ ರಾಜ್ಯಮಟ್ಟ ಎಂಬುದು ಅವರು ಕಂಡುಕೊಂಡ ಸತ್ಯ. ಹುಡುಗಿಯರು ಚೆಂಡನ್ನು ನೋಡುವ ಮೊದಲೇ ಜಿಲ್ಲಾ ತಂಡ ತಯಾರಾಯಿತು. ಗೋಲಿಗೆ ಕಟ್ಟಲು ಬಲೆ ಇರಲಿಲ್ಲ. ಜಬ್ಬಾರ್ ಸಾಬರ ಅಂಗಡಿಯಲ್ಲಿ ಲಾರಿ ಲೋಡಿನ ಮೇಲೆ ಬಿಗಿಯುವ ಹಳೆಯ ಹಗ್ಗದ ಬಲೆಯೊಂದು ಇದೆಯೆಂದು ತಿಳಿದು ಕೇಳಲು ಹೋದಾಗ, ಮೇಷ್ಟ್ರು ಬಲೆಯ ಜತೆಗೆ ಮಗಳನ್ನೂ ಕೇಳಿದರು. ಅವಳ ಕೈ ಉದ್ದ ಎಂದು ಅವರಿಗೆ ಗೊತ್ತಿತ್ತು.

ಜಬ್ಬಾರ್ ಬಲೆ ಕೊಟ್ಟರು. ಮಗಳ ವಿಷಯಕ್ಕೆ, ‘ಆಡ್ಲಿ ಸಾರ್, ಆದ್ರೆ ಚಡ್ಡಿ ಹಾಕ್ಕೊಂಡು ಬ್ಯಾಡ’ ಎಂದರು. ಮೇಷ್ಟ್ರು ಸ್ವಲ್ಪ ಯೋಚಿಸಿ, ಹ್ಯಾಂಡ್‌ಬಾಲಿನಲ್ಲಿ ಗೋಲ್‌ಕೀಪರ್ ಒಬ್ಬಳು ಮಾತ್ರ ಉದ್ದ ಪ್ಯಾಂಟು, ತುಂಬುತೋಳಿನ ಅಂಗಿ ಹಾಕಬಹುದು, ಹಾಕಿದರೇ ಒಳ್ಳೆಯದು ಎಂದರು. ಅಲ್ಲಿಗೆ ಮುಗಿಯಿತು. ನಮ್ಮ ಜಿಲ್ಲೆಯ ಗೋಲ್‌ಕೀಪರ್ ಆಯ್ಕೆಯಾದದ್ದು ಪ್ಯಾಂಟಿನ ಮೇಲೆ.

ಆ ಕೆಲಸ ಎಂಥದ್ದೆಂದು ಆಗ ಆ ಮನೆಯಲ್ಲಿ ಯಾರಿಗೂ ಗೊತ್ತಿರಲಿಲ್ಲ. ಅಂಗೈಯಲ್ಲಿ ಹಿಡಿಯುವಷ್ಟು ಚೆಂಡು. ಎಸೆಯುವವಳು ಓಡಿ ಬಂದು, ಗಾಳಿಯಲ್ಲಿ ಹಾರಿ, ಮನೆಯ ಪಡಸಾಲೆಯಷ್ಟು ದೂರದಿಂದ ಬೀಸುತ್ತಾಳೆ. ನಿಂತವಳು ಕೈಕಾಲು ಅಗಲಿಸಿ ಮೈಯನ್ನೇ ಬಾಗಿಲು ಮಾಡಿಕೊಳ್ಳಬೇಕು. ತಡೆದರೆ ಬಾಸುಂಡೆ, ತಡೆಯದಿದ್ದರೆ ಬೈಗುಳ. ಜಬ್ಬಾರ್ ಒಮ್ಮೆ ಮೈದಾನದ ಬೇಲಿಯಾಚೆ ನಿಂತು ನೋಡಿದರು. ಚೆಂಡು ಮಗಳ ತೊಡೆಗೆ ಬಡಿದ ಸದ್ದು ಕೇಳಿ ವಾಪಸು ಹೋದರು. ಅವಳ ತಾಯಿ ಮೈಮುನಾ, ಇನ್ನು ಆಟ ಬಿಡಿಸುತ್ತಾರೆ ಎಂದುಕೊಂಡಳು. ಅವರು ಬಿಡಿಸಲಿಲ್ಲ. ಅಂಗಡಿಯಲ್ಲಿ ಕೂತು ಒಂದು ಪ್ಯಾಂಟು ಹೊಲಿದರು. ಮಂಡಿಗೆ, ತೊಡೆಗೆ, ಸೊಂಟದ ಎರಡೂ ಬದಿಗೆ ಲಾರಿ ಸೀಟಿನ ಸ್ಪಂಜು ಕೊಟ್ಟು ಹೊಲಿದರು.

ಅದನ್ನು ಹಾಕಿಕೊಂಡು ಬಂದ ದಿನ ತಂಡವೆಲ್ಲ ಬಿದ್ದು ಬಿದ್ದು ನಕ್ಕಿತು. ಹರದನಹಳ್ಳಿಯ ಶಿವಲಕ್ಷ್ಮಿ, ತಂಡದ ನಾಯಕಿ, ಎಲ್ಲರಿಗಿಂತ ಜೋರಾಗಿ ಎಸೆಯುವವಳು, ‘ಏನಮ್ಮಿ, ನಿಮ್ಮಪ್ಪ ನಿನ್ನ ಲಾರಿಗೆ ಕೂರುಸ್ಬೇಕು ಅಂತವ್ರಾ? ಒಳ್ಳೆ ಬೆದರುಬೊಂಬೆ ಆಗಿದ್ದೀಯ ಕಣಮ್ಮಿ. ನಿನ್ನ ಪುಣಜನೂರು ಕಾಡಂಚಲ್ಲಿ ನಿಲ್ಲಿಸ್ಬುಟ್ರೆ ಆನೆ ಹೊಲಕ್ಕೆ ಬರಕಿಲ್ಲ’ ಎಂದಳು.

‘ನೀನು ಎಸೆಯೋ ಚೆಂಡಿಗೆ ಸೀಟು ದಂಡ. ದಿಂಬು ಸಾಕಿತ್ತು’ ಎಂದಳು ಶಬೀನಾ.

ಅಲ್ಲಿಂದ ಇಬ್ಬರೂ ಜೀವದ ಗೆಳತಿಯರು. ಶನಿವಾರದ ಅಭ್ಯಾಸ ಮುಗಿದರೆ ಶಿವಲಕ್ಷ್ಮಿಗೆ ಜಬ್ಬಾರ್ ಮನೆಯಲ್ಲೇ ತಿಂಡಿ. ಇದನ್ನು ನೆನಪಿಡಿ, ಮುಂದೆ ಬೇಕಾಗುತ್ತದೆ.

ಓಣಿಯಲ್ಲಿ ಮಾತು ಬರಲಿಲ್ಲವೆಂದರೆ ಸುಳ್ಳು. ಬಂತು. ನಮಾಜು ಮುಗಿಸಿ ಬಂದವರೊಬ್ಬರು ಅಂಗಡಿ ಮುಂದೆ ನಿಂತು ಪ್ರಾಯದ ಹುಡುಗಿ, ಮೈದಾನ, ಮರ್ಯಾದೆ ಎಂದು ಶುರುಮಾಡಿದಾಗ ಜಬ್ಬಾರ್ ಸೂಜಿಯಿಂದ ಕಣ್ಣೆತ್ತದೆ, ನಿಮ್ಮ ಮಗಳಿಗಿಂತ ನನ್ನ ಮಗಳ ಮೈಮೇಲೆ ಬಟ್ಟೆ ಜಾಸ್ತಿ ಇದೆ, ಸ್ಪಂಜು ಬೇರೆ ಎಂದರಂತೆ. ಬಂದವರು ನಕ್ಕುಬಿಟ್ಟರು. ನಕ್ಕ ಮೇಲೆ ಜಗಳ ಎಲ್ಲಿ ಉಳಿಯುತ್ತದೆ? ನಮ್ಮ ಸಭೆಗಳಿಗೆ ಬೇಕಾದ ಮುಸ್ಲಿಂ ಅಪ್ಪನ ಚಿತ್ರದಲ್ಲಿ ಈ ನಗು ಇಲ್ಲ.

ಎರಡು ಸಾವಿರದ ನಾಲ್ಕರ ಡಿಸೆಂಬರಿನಲ್ಲಿ ಮೈಸೂರಿನಲ್ಲಿ ರಾಜ್ಯ ಪಂದ್ಯಾವಳಿ. ಶಬೀನಾ ಆಗ ಕಾಲೇಜಿನಲ್ಲಿದ್ದಳು, ತಂಡ ಇನ್ನೂ ಮೇಷ್ಟ್ರ ಕೈಯಲ್ಲೇ ಇತ್ತು. ಸೆಮಿಫೈನಲ್ಲಿನಲ್ಲಿ ನಮ್ಮ ಜಿಲ್ಲೆ ಸೋತಿತು. ಆದರೆ ಆ ಸೋಲಿನಲ್ಲೇ ಅವಳು ಒಂದು ಚೆಂಡನ್ನು ಕೈಯಿಂದ ತಳ್ಳಿ, ತಿರುಗಿ ಬಂದದ್ದನ್ನು ಮುಖದಿಂದ ತಡೆದಳು. ಮೂಗಿನಿಂದ ರಕ್ತ ಸುರಿಯುತ್ತಿದ್ದರೂ ಮೈದಾನ ಬಿಡಲಿಲ್ಲ. ಆಯ್ಕೆದಾರರು ಅಲ್ಲೇ ಹೆಸರು ಕೂಗಿದರು: ಶಿವಲಕ್ಷ್ಮಿ, ಶಬೀನಾ. ಇಬ್ಬರೂ ಕರ್ನಾಟಕದ ಪರವಾಗಿ ರಾಷ್ಟ್ರೀಯ ಪಂದ್ಯಕ್ಕೆ, ಉತ್ತರದ ಯಾವುದೋ ಊರಿಗೆ. ಗುಂಡ್ಲುಪೇಟೆಯ ಯಾವ ಹುಡುಗಿಯೂ ಅಲ್ಲಿಯತನಕ ಹಾಗೆ ಹೋಗಿರಲಿಲ್ಲ. ಶಬೀನಾಳಿಗೆ ಬೇಕಾಗಿದ್ದದ್ದು ಅದೊಂದೇ: ಕರ್ನಾಟಕದ ಗೋಲಿನ ಮುಂದೆ ಒಂದು ಸಲ ನಿಲ್ಲುವುದು. ಜಬ್ಬಾರ್ ಪ್ಯಾಂಟಿನ ಹೊಲಿಗೆ ಬಿಚ್ಚಿ, ಹೊಸ ಸ್ಪಂಜು ಹಾಕಿ ಮತ್ತೆ ಹೊಲಿದರು.

ರೈಲು ಮೈಸೂರಿನಿಂದ ಮಧ್ಯಾಹ್ನಕ್ಕೆ. ಮೇಷ್ಟ್ರು ಚಾಮರಾಜನಗರದಿಂದ ಜೀಪು ಮಾಡಿಕೊಂಡು, ಹರದನಹಳ್ಳಿಯಲ್ಲಿ ಶಿವಲಕ್ಷ್ಮಿಯನ್ನು ಹತ್ತಿಸಿಕೊಂಡು, ಗುಂಡ್ಲುಪೇಟೆಗೆ ಸುತ್ತಿ ಬಂದು ಶಬೀನಾಳನ್ನೂ ಕರೆದುಕೊಂಡು ಹೋಗುವುದೆಂದು ಮಾತಾಗಿತ್ತು. ಅಪ್ಪ ಮಗಳು ಬೆಳಿಗ್ಗೆಯೇ ಬಸ್ ಸ್ಟ್ಯಾಂಡಿಗೆ ಬಂದು ಕಾದರು. ಬಿಸಿಲೇರಿತು, ಜೀಪು ಬರಲಿಲ್ಲ. ಎಸ್‌ಟಿಡಿ ಬೂತಿನಿಂದ ಮೇಷ್ಟ್ರ ಮನೆಗೆ ಫೋನು ಮಾಡಿದರೆ ಅವರು ಹೊರಟು ಎಷ್ಟೋ ಹೊತ್ತಾಯಿತು ಎಂದರು. ದಾರಿಯಲ್ಲಿ ಜೀಪು ಕೆಟ್ಟಿರಬೇಕು, ಪಾಪ ಎಂದುಕೊಂಡರು ಜಬ್ಬಾರ್. ಮಗಳ ಬ್ಯಾಗನ್ನು ತಾವೇ ಹೆಗಲಿಗೆ ಹಾಕಿಕೊಂಡು ಸಿಕ್ಕಿದ ಬಸ್ಸು ಹತ್ತಿದರು.

ಜೀಪು ಕೆಟ್ಟಿರಲಿಲ್ಲ. ಗುಂಡ್ಲುಪೇಟೆಗೆ ಸುತ್ತದೆ ನಂಜನಗೂಡಿನ ದಾರಿಯಲ್ಲಿ ನೇರ ಮೈಸೂರಿಗೆ ಹೋಗಿತ್ತು. ರಾಜ್ಯ ಹ್ಯಾಂಡ್‌ಬಾಲ್ ಸಂಘದ ದೊಡ್ಡವರೊಬ್ಬರಿಗೆ ತಮ್ಮ ಸಂಬಂಧಿಕರ ಹುಡುಗಿಯನ್ನು ಗೋಲಿಗೆ ನಿಲ್ಲಿಸಬೇಕಿತ್ತು. ನಮ್ಮ ಮೇಷ್ಟ್ರಿಗೆ ತಂಡದ ಜತೆ ಸಹಾಯಕರಾಗಿ ಹೋಗಬೇಕಿತ್ತು. ಶಬೀನಾ ಯಾಕೆ ಬರುವುದಿಲ್ಲ ಎನ್ನುವುದಕ್ಕೆ ಒಂದು ಕಾರಣ ಬೇಕಿತ್ತು. ಬೇರೆ ಹುಡುಗಿಯಾಗಿದ್ದರೆ ಕಾಲು ಉಳುಕಿತು, ಜ್ವರ ಬಂತು ಎಂದು ಏನಾದರೂ ಕಟ್ಟಬೇಕಾಗುತ್ತಿತ್ತು. ಇವಳಿಗೆ ಆ ಕಷ್ಟವೂ ಇರಲಿಲ್ಲ. ಕಾರಣ ಅವಳ ಹೆಸರಿನಲ್ಲೇ ಇತ್ತು. ಅಪ್ಪನೇ ಮೈಸೂರಿನ ಪಂದ್ಯಕ್ಕೆ ಕಳಿಸಿದ್ದನಲ್ಲ ಎಂದು ಯಾರಿಗೂ ಹೊಳೆಯಲಿಲ್ಲ.

ಅಪ್ಪ ಮಗಳು ಪ್ಲಾಟ್‌ಫಾರಂ ತಲುಪಿದಾಗ ರೈಲು ನಿಂತಿತ್ತು. ತಂಡದ ಮ್ಯಾನೇಜರ್ ಇವರನ್ನು ನೋಡಿ ತಬ್ಬಿಬ್ಬಾಗಲಿಲ್ಲ, ಕನಿಕರಪಟ್ಟ. ನಿಮ್ಮ ಮನೆಯಲ್ಲಿ ಒಪ್ಪಲಿಲ್ಲ ಎಂದು ಹೇಳಿದರಲ್ಲಮ್ಮ, ಬೇರೆಯವರನ್ನು ಹಾಕಿಕೊಂಡಾಯಿತು ಎಂದ.

‘ಯಾರು ಸಾರ್ ಅಂದೋರು?’ ಜಬ್ಬಾರ್ ಬ್ಯಾಗನ್ನು ಕೆಳಗಿಟ್ಟರು. ‘ಕಳಿಸೋನು ನಾನು. ಇಲ್ಲೇ ನಿಂತಿವ್ನಿ ನೋಡಿ.’

‘ಸಂತೋಷ ಸಾಬ್ರೇ, ಈಗ್ಲಾದ್ರೂ ಮನಸ್ಸು ಬದಲಾಯಿಸಿದ್ರಲ್ಲ’ ಎಂದ ಮ್ಯಾನೇಜರ್. ‘ಇದೇ ಬುದ್ಧಿ ಮೊದಲೇ ಬಂದಿದ್ರೆ ಹುಡುಗಿ ಉದ್ಧಾರ ಆಗೋಳು.’

ಓದುಗರೇ, ಇದನ್ನು ಇನ್ನೊಮ್ಮೆ ಓದಿ. ಸುಳ್ಳನ್ನು ಸುಳ್ಳೆಂದು ತೋರಿಸಲು ಒಬ್ಬ ಮನುಷ್ಯ ಖುದ್ದಾಗಿ ಬಂದು ನಿಂತರೂ, ಅವನನ್ನೇ ಆ ಸುಳ್ಳಿಗೆ ಸಾಕ್ಷಿ ಮಾಡಿಕೊಳ್ಳುತ್ತೇವೆ. ಮೇಷ್ಟ್ರು ನಲ್ಲಿಯ ಹತ್ತಿರ ಬಾಟಲಿಗೆ ನೀರು ಹಿಡಿಯುತ್ತ ಬೆನ್ನು ತಿರುಗಿಸಿದ್ದರು. ಬಾಟಲಿ ತುಂಬಿ ಹರಿಯುತ್ತಿತ್ತು, ತಿರುಗಲಿಲ್ಲ. ಶಿವಲಕ್ಷ್ಮಿ ಕರ್ನಾಟಕದ ಹೊಸ ಟ್ರ್ಯಾಕ್‌ಸೂಟಿನಲ್ಲಿ ಕಿಟಕಿಯ ಪಕ್ಕ ಕೂತಿದ್ದಳು. ಕೆಳಗಿಳಿಯಲಿಲ್ಲ.

ಹೊಸ ಗೋಲ್‌ಕೀಪರ್ ಹುಡುಗಿ ಪಾಪ, ಹೆದರಿದ್ದಳು. ಅವಳ ತಪ್ಪೇನೂ ಇಲ್ಲ. ಅವಳ ಬಳಿ ಸ್ಪಂಜಿನ ಪ್ಯಾಂಟು ಇರಲಿಲ್ಲ. ಮ್ಯಾನೇಜರನಿಗೆ ಮೈಸೂರಿನ ಪಂದ್ಯದಲ್ಲಿ ಕಂಡ ಶಬೀನಾಳ ಪ್ಯಾಂಟು ಹೇಗೋ ನೆನಪಾಗಿ, ಹೇಗೂ ನೀನು ಬರುತ್ತಿಲ್ಲವಲ್ಲ, ಆ ಪ್ಯಾಂಟು ಕೊಟ್ಟಿರಮ್ಮ, ರಾಜ್ಯದ ಮರ್ಯಾದೆ ಎಂದ.

‘ಅದು ನನ್ನ ಅಳತೆದು ಸಾರ್’ ಎಂದಳು ಶಬೀನಾ. ‘ಬೇರೆಯವ್ರಿಗೆ ಆಗಲ್ಲ.’

ರೈಲು ಹೊರಟ ಮೇಲೆ ಬೋಗಿಯಲ್ಲಿ, ನೋಡಿದಿರಾ, ಇವರಿಗೆ ತಂಡ ಅನ್ನೋ ಭಾವನೆಯೇ ಇಲ್ಲ ಎಂದು ಮಾತಾಯಿತಂತೆ.

ಮುಂದಿನ ವರ್ಷ ಅವಳ ಹೆಸರು ಎದ್ದಾಗ ಆಯ್ಕೆದಾರರೇ, ಅವರ ಮನೆಯಲ್ಲಿ ಬಿಡುವುದಿಲ್ಲ ಎಂದು ಕೈಬಿಟ್ಟರು. ಒಮ್ಮೆ ಹೇಳಿದ ಸುಳ್ಳನ್ನು ಎರಡನೆಯ ಸಲ ಹೇಳಲು ಮೇಷ್ಟ್ರೂ ಬೇಕಾಗಲಿಲ್ಲ. ಜಬ್ಬಾರ್ ಎರಡು ಮೂರು ಕಚೇರಿಯ ಮೆಟ್ಟಿಲು ಹತ್ತಿದರು. ಹೋದಲ್ಲೆಲ್ಲ, ಈಗ ಬುದ್ಧಿ ಬಂತಾ ಎಂಬ ಅದೇ ಹಿತವಚನ. ಶಬೀನಾ ಕಾಲೇಜು ಮುಗಿಸಿ ಅಂಗಡಿಯಲ್ಲಿ ಕೂತಳು. ಒಂದು ದಿನ ಸ್ಪಂಜು ಕಡಿಮೆ ಬಿದ್ದಾಗ ಆ ಪ್ಯಾಂಟಿನ ಹೊಲಿಗೆಯನ್ನು ಅವಳೇ ಬಿಚ್ಚಿದಳು. ಯಾವ ಲಾರಿಯ ಸೀಟಿಗೆ ಹೋಯಿತೋ.

ಎರಡು ಸಾವಿರದ ಏಳರಲ್ಲಿ ಚಾಮರಾಜನಗರದ ಪಾತ್ರೆ ವ್ಯಾಪಾರಿ ಖಲೀಲ್ ಎಂಬವರು ಮಗನಿಗೆ ಹೆಣ್ಣು ಕೇಳಲು ಬಂದರು. ಒಳ್ಳೆಯ ಮನೆತನ. ಅವರ ಮಾತು ಉರ್ದುವಿನದು, ನಾನು ಕನ್ನಡದಲ್ಲಿ ಬರೆಯುತ್ತಿದ್ದೇನೆ. ಹುಡುಗಿ ಆಟಕ್ಕೆ ಹೋಗುತ್ತಿದ್ದಳೆಂದು ಕೇಳಿ ಮೊದಲು ಹಿಂಜರಿದೆವು, ಆಮೇಲೆ ಗೊತ್ತಾಯಿತು, ಅಷ್ಟು ದೊಡ್ಡವರು ಬಂದು ಬೇಡಿಕೊಂಡರೂ ನೀವು ಕಳಿಸಲಿಲ್ಲವಂತೆ, ಅಂಥ ಕಟ್ಟುನಿಟ್ಟಿನ ಮನೆಯೇ ನಮಗೆ ಬೇಕು ಎಂದರು. ಸುಳ್ಳು ಇಷ್ಟು ದೂರ ನಡೆದು, ಈಗ ಮನೆಯೊಳಗೆ ಬಂದು ಸಂಬಂಧ ತಂದಿತ್ತು. ಮೈಮುನಾ ಗಂಡನನ್ನು ನೋಡಿದಳು. ಜಬ್ಬಾರ್ ಬಿಸ್ಕತ್ತಿನ ತಟ್ಟೆಯನ್ನು ನೋಡಿದರು. ಸುಮ್ಮನಿದ್ದರೆ ಸಾಕಿತ್ತು. ಅವರು ಸುಮ್ಮನಿದ್ದರು.

ಪರದೆಯ ಹಿಂದಿನಿಂದ ಶಬೀನಾಳ ದನಿ ಬಂತು. ‘ಅಬ್ಬಾ ಕಳಿಸಿದ್ದರು. ಸ್ಟೇಷನ್ನಿನವರೆಗೂ ಬ್ಯಾಗ್ ಹೊತ್ತುಕೊಂಡು ಬಂದಿದ್ದರು. ಅವರೇ ಕರೆದುಕೊಳ್ಳಲಿಲ್ಲ.’

ಖಲೀಲ್ ಚಹಾ ಕುಡಿದು ಮರ್ಯಾದೆಯಿಂದಲೇ ಎದ್ದರು. ಮತ್ತೆ ಸುದ್ದಿ ಬರಲಿಲ್ಲ. ಒಂದು ಸುಳ್ಳು ನಮ್ಮ ಜನ್ಮದಲ್ಲಿ ಒಂದು ಸಲ ನಮ್ಮ ಉಪಯೋಗಕ್ಕೆ ಬಂದಿತ್ತು, ಅದನ್ನೂ ತಡೆದುಬಿಟ್ಟೆಯಲ್ಲ ಎಂದು ಮೈಮುನಾ ವಾರಗಟ್ಟಲೆ ಮಗಳೊಂದಿಗೆ ಮಾತು ಬಿಟ್ಟಿದ್ದಳು.

ಶಿವಲಕ್ಷ್ಮಿ ಈಗ ಪೊಲೀಸ್ ಪೇದೆ. ಆಟದ ಕೋಟಾದಲ್ಲಿ ಸಿಕ್ಕಿದ ಕೆಲಸ. ಮೊನ್ನೆಯ ಸನ್ಮಾನಕ್ಕೆ ಮಂತ್ರಿಗಳು ಬಂದಿದ್ದರಿಂದ ಅವಳು ಸಭಾಂಗಣದ ಬಾಗಿಲಲ್ಲಿ ಬಂದೋಬಸ್ತಿಗಿದ್ದಳು. ಮೇಷ್ಟ್ರ ಕೊರಗನ್ನು ನಿಂತೇ ಕೇಳಿದಳು. ಮರುದಿನ ರಜೆ ಹಾಕಿ ಗುಂಡ್ಲುಪೇಟೆಗೆ ಹೋದಳು. ಅಂಗಡಿಯಲ್ಲಿ ಅಪ್ಪ ಮಗಳು ಇಬ್ಬರೂ ಒಂದೇ ಟಾರ್ಪಾಲಿನ ಎರಡು ತುದಿ ಹಿಡಿದು ಹೊಲಿಯುತ್ತಿದ್ದರು. ಅವಳು ಎಲ್ಲವನ್ನೂ ಹೇಳಿದಳು. ಜೀಪು ನಂಜನಗೂಡಿನತ್ತ ತಿರುಗಿದ್ದು, ಗುಂಡ್ಲುಪೇಟೆ ಸಾರ್ ಎಂದು ತಾನು ಕೇಳಿದ್ದು, ಅವಳ ಮನೆಯವರು ಕಳಿಸುವುದಿಲ್ಲವಂತೆ ಎಂದು ಮೇಷ್ಟ್ರು ಹೇಳಿದ್ದು, ಎಲ್ಲ.

‘ನಂಬ್ಬುಟ್ಟೆ ಕಣಮ್ಮಿ’ ಎಂದಳು. ‘ನಿಮ್ಮನೇಲಿ ಅಷ್ಟು ಉಂಡಿವ್ನಿ, ನಿಮ್ಮಪ್ಪಾಜಿ ಪ್ಯಾಂಟ್ ಹೊಲಿಯೋದ ಕಣ್ಣಾರೆ ಕಂಡಿವ್ನಿ. ಆದ್ರೂ ನಿಮ್ಮೋರಲ್ಲಿ ಅಂಗೇ ಇರ್ಬೇಕು ಅಂದ್ಕೊಂಡೆ. ನಿನ್ನೆ ಅಲ್ಲೇ ಹೇಳ್ಬೇಕಿತ್ತು. ಯೂನಿಫಾರಂ ಮೈಮೇಲಿತ್ತು.’

‘ಅವತ್ತು ರೈಲಲ್ಲೂ ಇತ್ತು’ ಎಂದಳು ಶಬೀನಾ. ಬೈಗುಳದಂತೆ ಹೇಳಲಿಲ್ಲ. ಸೂಜಿಗೆ ದಾರ ಪೋಣಿಸುತ್ತ ಹೇಳಿದಳು.

ಶಿವಲಕ್ಷ್ಮಿ ಎದ್ದುಹೋದಳು. ಜಬ್ಬಾರ್ ಬಹಳ ಹೊತ್ತು ಟಾರ್ಪಾಲು ಹೊಲಿದರು. ಆಮೇಲೆ, ಇಷ್ಟು ವರ್ಷ ಕೇಳದೆ ಇಟ್ಟುಕೊಂಡಿದ್ದನ್ನು ಕೇಳಿದರು: ಅವರು ಕರೆದುಕೊಂಡು ಹೋಗಿದ್ದರೆ ತಡೆಯುತ್ತಿದ್ದೆಯಾ ಮಗಳೇ, ಆ ಉತ್ತರದ ಹುಡುಗಿಯರ ಚೆಂಡನ್ನು?

ತಡೆಯುತ್ತಿದ್ದೆ ಎನ್ನಬಹುದಿತ್ತು. ಆ ಮುದುಕನಿಗೆ ಅಷ್ಟು ಸಾಕಾಗುತ್ತಿತ್ತು.

‘ಗೊತ್ತಿಲ್ಲ ಅಬ್ಬಾ’ ಎಂದಳು ಶಬೀನಾ. ‘ಗೋಲಿನ ಮುಂದೆ ಒಂದು ಸಲ ಬಿಟ್ಟಿದ್ದರೆ ಗೊತ್ತಾಗುತ್ತಿತ್ತು.’